ಐವಿರಾ ಅಂದರೆ ಏನು

ಫೆಬ್ರವರಿ 5, ಮಧ್ಯಾಹ್ನ

ಎಕ್ಸ್‌ಪೈರಿ ನೋಡುವ ದಿನ. ಮೇಲಿನ ರ‍್ಯಾಕ್ ಮುಗಿಯಿತು. ಕೆಮ್ಮಿನ ಸಿರಪ್ ಎರಡು ಡಬ್ಬ ವಾಪಸ್ ಕಳಿಸಬೇಕು. ರಜೆ ಮುಗಿಸಿ ಬಂದಮೇಲೆ ಓನರ್ ನನಗೆ ಒಳಗಿನ ಕೆಲಸವೇ ಕೊಡುತ್ತಾರೆ. ಡೈಪರ್, ಹಾಲುಪುಡಿ ಇರುವ ಕಡೆ ಹೋಗದ ಹಾಗೆ. ಒಳ್ಳೆಯವರು. ಬಾಯಿಬಿಟ್ಟು ಏನೂ ಹೇಳುವುದಿಲ್ಲ.

ಬೆಳಿಗ್ಗೆ ಬಿಪಿ ತಾತ ಬಂದರು. ದನಿ ಕೇಳಿ ಕೌಂಟರಿಗೆ ನಾನೇ ಹೋದೆ. ಅಯೋವೆರಿಲ್ ಮಾತ್ರೆ, ತಿಂಗಳಿಗೊಮ್ಮೆ. ಮುಂದಿನ ಹಲ್ಲಿಲ್ಲ. ನಾಲಿಗೆ ಹೊರಳುವುದಿಲ್ಲ.

"ಐವಿರಾ ಕೊಡಮ್ಮ."

"ಏನು ತಾತ?"

"ಐವಿರಾ, ಐವಿರಾ! ಕಿವಿ ಮಂದ ಆಯ್ತಾ ನಿಂಗೆ?"

ಕೊಟ್ಟೆ. ಚಿಲ್ಲರೆಯೂ ಕೊಟ್ಟೆ. ಒಳಗೆ ಬಂದು ಸಿರಪ್ ಡಬ್ಬಕ್ಕೆ ಟೇಪ್ ಹಾಕಿದೆ.

ಫೆಬ್ರವರಿ 6

ಮಗಳಿಗೆ ಹೆಸರು ಸಿಕ್ಕಿದ್ದು ಆ ತಾತನ ಬಾಯಿಂದ. ನನ್ನ ಗಂಡನನ್ನು ಬಿಟ್ಟರೆ ಯಾರಿಗೂ ಗೊತ್ತಿಲ್ಲ.

ಆಗ ನನಗೆ ಐದು ತಿಂಗಳು. ಹೆಣ್ಣಾದರೆ ಏನು ಹೆಸರು ಎಂದು ಹುಡುಕಿ ಹುಡುಕಿ ಸಾಕಾಗಿತ್ತು. ಯಾವ ಹೆಸರು ಹೇಳಿದರೂ ಇವರಿಗೊಬ್ಬಳು ಕ್ಲಾಸ್‌ಮೇಟ್ ಇದ್ದಳು, ನನಗೊಬ್ಬಳು ಆಗದವಳು. ಕೌಂಟರಿನಲ್ಲಿ ತಾತ "ಐವಿರಾ" ಅಂದಾಗ ಬಿಲ್ ಹಾಕುತ್ತಿದ್ದ ಕೈ ನಿಂತಿತು. ಯಾರದ್ದೂ ಅಲ್ಲದ ಹೆಸರು. ಮಡಿಕೆ ಬಿಚ್ಚದ ಹೊಸ ಬಟ್ಟೆಯ ಹಾಗೆ. ಇವರು ಕೇಳಿ ಹೊಟ್ಟೆ ಹಿಡಿದುಕೊಂಡು ನಕ್ಕರು. ಆಮೇಲೆ ಅಡುಗೆಮನೆಯಿಂದ ಬಾಗಿಲವರೆಗೆ ಕೇಳುವಂತೆ ಒಂದು ಸಲ ಕೂಗಿ ನೋಡಿದರು. ಚೆನ್ನಾಗಿತ್ತು.

ಮನೆಯವರಿಗೆಲ್ಲ ಅರ್ಥ ಬೇಕಿತ್ತು. ಚಿಕ್ಕಪ್ಪ — "ಐವಿರಾ? ಒಬ್ಬಳಿಗೆ ಐವರ ಹೆಸರ್ಯಾಕಮ್ಮ?" ಇವರು ಮುಖ ಸಡಿಲಿಸದೆ, "ಮಂಜಿನ ಮೇಲೆ ಬೀಳೋ ಮೊದಲ ಬೆಳಕು ಅಂತ. ಹಳೇ ಭಾಷೆ" ಅಂದರು. ಯಾವ ಭಾಷೆ ಎಂದು ಒಬ್ಬರೂ ಕೇಳಲಿಲ್ಲ. ತಂಗಿಯ ಗಂಡ ಫೋನಿನಲ್ಲಿ ಹುಡುಕಿದ. ಸಿಕ್ಕೇಬಿಟ್ಟಿತು! ಧೈರ್ಯವಂತೆ, ಪ್ರಕೃತಿಪ್ರಿಯೆ, ಅದೃಷ್ಟದ ಬಣ್ಣ ನೀಲಿ. ಆ ಸೈಟಿನಲ್ಲಿ ಕುಕ್ಕರ್ ಎಂದು ಹೊಡೆದರೂ ಅದೃಷ್ಟದ ಬಣ್ಣ ಬರುತ್ತದೆ.

ನವೆಂಬರ್‌ನಲ್ಲಿ ಹೆರಿಗೆಯಾಯಿತು. ಮಗು ಉಳಿಯಲಿಲ್ಲ. ಆಮೇಲೆ ಮನೆಯಲ್ಲಿ ಆ ಹೆಸರನ್ನು ಯಾರೂ ಎತ್ತುವುದಿಲ್ಲ. ತಾತ ಒಬ್ಬರೇ.

ಫೆಬ್ರವರಿ 19

ಅಮ್ಮನ ಫೋನ್. ಮೊದಲು ಊಟ, ಆಮೇಲೆ ನಿದ್ದೆ, ಆಮೇಲೆ ನನ್ನ ಕೂದಲು. ಸುತ್ತಿ ಬಳಸಿ ವಿಷಯಕ್ಕೆ ಬಂದಳು. ತಂಗಿಗೆ ಈಗ ಏಳು ತಿಂಗಳು.

"ಹೆಣ್ಣಾದ್ರೆ... ಆ ಹೆಸರು ಇಡೋಣ್ವಾ ಅಂತ. ಸುಮ್ನೆ ಬಿದ್ದಿದ್ಯಲ್ಲೇ. ಅರ್ಥಾನೂ ಎಷ್ಟು ಚೆಂದ."

"ನೋಡೋಣಮ್ಮ" ಅಂದೆ. ಏನೂ ಅನಿಸಲಿಲ್ಲ. ಒಣಗಿದ ಬಟ್ಟೆ ಮಡಚಿದೆ. ಇವರ ಶರ್ಟಿನದೊಂದು ಗುಂಡಿ ಸಡಿಲವಾಗಿತ್ತು, ಹೊಲಿದು ಹಾಕಿದೆ.

ಊಟದ ಹೊತ್ತಿಗೆ ಇವರಿಗೆ ಹೇಳಿದೆ. "ಅದೇನು ಚಿಕ್ಕದಾದ ಸ್ವೆಟರಾ, ತಂಗಿ ಮಗೂಗೆ ದಾಟಿಸೋಕೆ?" ತಟ್ಟೆ ತಳ್ಳಿ ಎದ್ದರು. ಅವರಿಗೆ ಸಿಟ್ಟಾದರೂ ಬರುತ್ತದೆ. ನನಗೆ ಅದೂ ಇಲ್ಲ.

ಮಾರ್ಚ್ 5

ತಾತ ಬಂದರು. ಮೂರು ಸಲ ಹೇಳಿಸಿದೆ. ಜೊತೆಗೆ ಕೆಲಸ ಮಾಡುವವಳು ಗಮನಿಸಿದ್ದಾಳೆ. "ಅಕ್ಕಾ, ಗೊತ್ತಿದ್ದೂ ಗೊತ್ತಿದ್ದೂ ಯಾಕೆ ಕೇಳ್ತೀರಾ? ಪಾಪ."

"ಕನ್ಫರ್ಮ್ ಮಾಡ್ಕೋಬೇಕು. ತಪ್ಪು ಮಾತ್ರೆ ಹೋಗಬಾರದು."

ಮಾರ್ಚ್ 10, ಭಾನುವಾರ

ತಂಗಿಯೇ ಬಂದಳು. ಏದುಸಿರು. ಸೋಫಾದಲ್ಲಿ ದಿಂಬು ಕೊಟ್ಟು ಕೂರಿಸಿದೆ. ಅವಳ ಹೊಟ್ಟೆ ನೋಡಬಾರದು ಅಂದುಕೊಂಡು ಫ್ಯಾನ್ ನೋಡಿದೆ.

"ಅಮ್ಮ ಕೇಳಿದ್ದು ನಂಗೆ ಗೊತ್ತೇ ಇರ್ಲಿಲ್ಲ ಅಕ್ಕಾ. ಬೈದೆ ಅವಳಿಗೆ." ದಿಂಬು ಸರಿಮಾಡಿಕೊಂಡಳು. "ಆದ್ರೆ ಆ ಹೆಸರು ನಂಗೂ ಇಷ್ಟ. ಸುಳ್ಳು ಹೇಳಲ್ಲ. ನೀನು ಬೇಡ ಅಂದ್ರೆ ಬೇಡ. ಇನ್ನೊಂದ್ಸಲ ಬಾಯಿ ತೆಗೆಯಲ್ಲ."

ಅದು ಮಾತ್ರೆಯ ಹೆಸರು ಕಣೇ ಎಂದಿದ್ದರೆ ಅಲ್ಲೇ ಮುಗಿಯುತ್ತಿತ್ತು. ನಕ್ಕು ಬಿಟ್ಟುಬಿಡುತ್ತಿದ್ದಳು. ಹೇಳಲಿಲ್ಲ. ಟೀ ಕೊಟ್ಟೆ. ಹೊಟ್ಟೆಕಿಚ್ಚು ಇದೆ ನನಗೆ. ಹೆಸರಿಗಲ್ಲ — ಸೋಫಾದಿಂದ ಏಳುವಾಗ ಅವಳು ಸೊಂಟಕ್ಕೆ ಕೈ ಕೊಟ್ಟುಕೊಳ್ಳುವ ರೀತಿಗೆ.

ಏಪ್ರಿಲ್ 4

ತಾತ ಹೊಸ ಚೀಟಿ ತಂದರು. ಬೇರೆ ಮಾತ್ರೆ.

"ಅದು ಬೇಡ್ವಂತಮ್ಮ ಇನ್ಮೇಲೆ. ಕಾಲು ಊದ್ಕೊಳ್ತಿತ್ತು ಅದ್ರಿಂದ್ಲೇ ಅಂತೆ."

"ಯಾವುದು ತಾತ?"

"ಅದೇ, ಹಳೇದು."

ಹೆಸರು ಹೇಳಲಿಲ್ಲ. ಹೊಸದರ ಹೆಸರು ಎರಡೇ ಅಕ್ಷರ. ತಾತ ಸರಿಯಾಗಿ ಹೇಳಿದರು.

ಒಳಗೆ ಹೋಗಿ ಗ್ಲೂಕೋಸ್ ಡಬ್ಬದ ಮೇಲೆ ಕೂತೆ. ಅಳು ಬರಬಹುದು ಎಂದು ಕಾದೆ. ಬರಲಿಲ್ಲ. ಒಂದೇ ಯೋಚನೆ — ಇನ್ನು ಆ ಹೆಸರನ್ನು ಯಾರೂ ಯಾವತ್ತೂ ಬಾಯಲ್ಲಿ ಹೇಳುವುದಿಲ್ಲ.

ಅದೇ ದಿನ, ಸಂಜೆ

ಇವರಿಗೆ ಹೇಳಿದೆ. ತಾತನ ಹತ್ತಿರ ಬೇಕೆಂದೇ ಹೇಳಿಸುತ್ತಿದ್ದದ್ದನ್ನೂ ಹೇಳಿದೆ. ಹುಚ್ಚು ಹಿಡಿದಿದೆಯಾ ಅನ್ನುತ್ತಾರೆ ಅಂದುಕೊಂಡಿದ್ದೆ. ಅನ್ನಲಿಲ್ಲ.

"ನೀವು ಒಂದ್ಸಲ ಕರೀರಿ" ಅಂದೆ.

"ಐ..." ಅಂದರು. ಅಲ್ಲೇ ನಿಂತರು. ಇನ್ನೊಮ್ಮೆ ಹೇಳಿ ನೋಡಿದರು. ಆಗಲಿಲ್ಲ. ಎದ್ದು ಹೋಗಿ ಮುಖ ತೊಳೆದುಕೊಂಡು ಬಂದರು.

"ಕೊಡು ನಿನ್ನ ತಂಗಿಗೆ. ಯಾರಾದ್ರೂ ಕೂಗ್ಲಿ."

ಏಪ್ರಿಲ್ 6

ತಂಗಿಗೆ ಫೋನ್ ಮಾಡಿದೆ. ಎಲ್ಲ ಹೇಳಿದೆ. ಮಂಜೂ ಇಲ್ಲ, ಬೆಳಕೂ ಇಲ್ಲ, ಬಿಪಿ ಮಾತ್ರೆ.

"ಬಿಪಿ ಮಾತ್ರೆನಾ? ಭಾವ ಅಷ್ಟು ಸೀರಿಯಸ್ಸಾಗಿ... ಅಯ್ಯೋ!" ನಗುವೋ ನಗು. ನಗುತ್ತಾ ನಗುತ್ತಾ ಅತ್ತಳು. ನಾನು ಕೇಳುತ್ತಾ ನಿಂತಿದ್ದೆ.

"ಅರ್ಥ ಏನೂ ಇಲ್ಲ ಕಣೇ. ಯೋಚನೆ ಮಾಡು."

"ಅರ್ಥ ಯಾರಿಗೆ ಬೇಕು? ಕೂಗೋಕೆ ಚೆನ್ನಾಗಿದೆ." ಮೂಗು ಒರೆಸಿಕೊಂಡಳು. "ಗಂಡಾದ್ರೆ ಹೆಸರು ವಾಪಸ್ಸು. ಬಳಸಿಲ್ಲ, ಸೀಲೂ ಒಡೆದಿಲ್ಲ."

"ನಮ್ಮ ಅಂಗಡೀಲಿ ವಾಪಸ್ ತಗೊಳಲ್ಲ" ಅಂದೆ. ತುಂಬಾ ದಿನದ ಮೇಲೆ ತಮಾಷೆ ಮಾಡಿದ್ದು. ಬಾಯಿಗೆ ವಿಚಿತ್ರವೆನಿಸಿತು.

ಏಪ್ರಿಲ್ 29

ಹೆಣ್ಣು. ಇಬ್ಬರೂ ಚೆನ್ನಾಗಿದ್ದಾರೆ. ಇವರು ಹೋಗಿ ನೋಡಿ ಬಂದರು. ಅಂಗಡಿಯಲ್ಲಿ ಸ್ಟಾಕ್ ಎಣಿಸಬೇಕು ಎಂದು ನಾನು ಉಳಿದೆ. ನಂಬಿದ ಹಾಗೆ ಮಾಡಿದರು.

ಮೇ 11, ಸಂಜೆ

ಈಗಷ್ಟೇ ತಂಗಿಯ ಫೋನ್. ಯಾವಾಗ ಬರ್ತೀಯಾ ಎಂದು ಕೇಳುತ್ತಿದ್ದಳು. ನಾನು ಕಾರಣ ಹೊಂದಿಸುತ್ತಿದ್ದೆ. ಮಧ್ಯದಲ್ಲಿ —

"ಒಂದ್ನಿಮಿಷ ಇರು ಅಕ್ಕಾ. ಐವಿರಾ ಅಳ್ತಿದಾಳೆ."

ಎಷ್ಟು ಮಾಮೂಲಾಗಿ ಅಂದಳು. ಹಾಲು ಉಕ್ಕುತ್ತಿದೆ ಎನ್ನುವ ಹಾಗೆ.

ನವೆಂಬರ್‌ನಲ್ಲಿ ನರ್ಸ್ ಮಗುವಿನ ಬೆನ್ನು ತಟ್ಟಿದರು. ಡಾಕ್ಟರ್ ತಟ್ಟಿದರು. ನಾನು ಮಲಗಿದಲ್ಲಿಂದ ಕಿವಿಗೊಟ್ಟು ಕಾದೆ. ನಮ್ಮವಳು ಅಳಲೇ ಇಲ್ಲ.

"ಇಟ್ಬಿಡ್ಲಾ ಅಕ್ಕಾ? ಆಮೇಲೆ ಮಾಡ್ತೀನಿ."

"ಇಡಬೇಡ" ಅಂದೆ. "ಎತ್ಕೋಬೇಡ ಅವಳನ್ನ. ಸ್ವಲ್ಪ ಹೊತ್ತು ಅಳ್ಲಿ. ಫೋನ್ ಹತ್ರ ಹಿಡಿ."

ಹಿಡಿದಳು. ಏನು ಗಂಟಲು ಅದು... ಬರೆಯುತ್ತಿರುವ ಅಕ್ಷರವೇ ಕಾಣುತ್ತಿಲ್ಲ. ನನ್ನ ಐವಿ...