ಒಂದೇ ದಮ್ಮಿನ ಚರಣ

ದಾವಣಗೆರೆ
೨೧೪೭, ಹದಿಮೂರನೆಯ ತಿಂಗಳ ಆರನೇ ದಿನ

ಚಂದ್ರಪ್ರಭಾ ಅವರಿಗೆ, ಹಂಸಿನಿಯ ನಮಸ್ಕಾರಗಳು.

ಐದು ತಲೆಮಾರು ಹಿಂದಿನವರನ್ನು ಏನೆಂದು ಕರೆಯಬೇಕೋ ತಿಳಿಯದೆ ಅಜ್ಜಿ ಎಂದೇ ಕರೆಯುತ್ತೇನೆ. ತಾರೀಖು ನೋಡಿ ಗಾಬರಿಯಾಗಬೇಡಿ; ಬೇಸಿಗೆ ಹಿಗ್ಗಿದ ಮೇಲೆ ನಮ್ಮವರು ವರ್ಷವನ್ನು ಹದಿಮೂರು ತಿಂಗಳಾಗಿ ಹಂಚಿಕೊಂಡಿದ್ದಾರೆ. ಮಾತು ವಿಚಿತ್ರವೆನಿಸಿದರೆ ಕ್ಷಮಿಸಿ. ಮೂರು ತಿಂಗಳ ಮಗಳು ನನ್ನನ್ನು ನಿದ್ದೆಗೆ ಬಿಟ್ಟು ಬಹಳ ದಿನವಾಯಿತು. ವಾಕ್ಯ ಎಲ್ಲಾದರೂ ತೂಕಡಿಸಿದ್ದರೆ ಅದು ಅವಳ ಕೆಲಸ.

ಇಲ್ಲಿ ಮನೆಯ ಗೋಡೆಗಳೇ ಹಾಡುತ್ತವೆ. ಕೂಸು ಕುಂಯ್‌ಗುಟ್ಟಿದರೆ ಸಾಕು, ಗೋಡೆ ನೂರಾರು ದನಿಗಳನ್ನು ಬೆಸೆದು ಜೋಗುಳ ಶುರುಮಾಡುತ್ತದೆ. ಅದಕ್ಕೆ ‘ಬೆಸೆದನಿ’ ಎನ್ನುತ್ತೇವೆ. ಚೆನ್ನಾಗಿಯೇ ಇರುತ್ತದೆ, ಯಾರೂ ಹಾಡಿದ್ದಲ್ಲ ಅಷ್ಟೇ. ಮನುಷ್ಯರೇ ಹಾಡಿದ್ದನ್ನು ಕಾಪಿಡುವ ಜಾಗ ‘ಕಂಠಶಾಲೆ’. ಯಾರು, ಯಾವಾಗ ಹಾಡಿದರೆಂದು ಹಳೆಯ ಪುಸ್ತಕದಲ್ಲಿ ಸಾಕ್ಷಿಯಿದ್ದರೆ ಮಾತ್ರ ಹಾಡಿಗೆ ಅಲ್ಲಿ ಪ್ರವೇಶ. ಆ ಸಾಕ್ಷಿ ಓದುವ ಕೆಲಸ ನನ್ನದು. ನಿಮ್ಮ ಹನ್ನೊಂದು ಚಿತ್ರಕಥೆಗಳನ್ನು ಇಲ್ಲಿ ಯಾರೂ ಕೇಳುವುದಿಲ್ಲ, ಬೇಸರಿಸಬೇಡಿ. ನೀವು ಬರೆದ ಆರು ಗಾಯಕರ ಜೀವನಚರಿತ್ರೆಗಳು ಮಾತ್ರ ನನ್ನ ಮೇಜು ಬಿಟ್ಟು ಇಳಿಯುವುದೇ ಇಲ್ಲ.

ಆರನೆಯದು ಗಾಯಕಿ ಮಂದಾಕಿನಿಯವರದು. ಗಾಯಕರಿಗೆ ಹೆಸರು ತಂದ ಹಾಡನ್ನು ಅವರ ಜೊತೆಗೆ ದುಡಿದವರೆಲ್ಲರಿಂದ ಗುನುಗಿಸಿ, ಯಾರು ಎಲ್ಲಿ ಉಸಿರೆಳೆಯುತ್ತಾರೆಂದು ಗುರುತು ಹಾಕಿಕೊಳ್ಳುವುದು ನಿಮ್ಮ ಪದ್ಧತಿ. ತಮಗೆ ಹೆಸರು ತಂದ ಸಿನಿಮಾ ಹಾಡನ್ನು ಮಂದಾಕಿನಿ ಹಾಡಿದ ಪ್ರತಿ ಕಛೇರಿಯಲ್ಲೂ ಚರಣದ ನಡುವೆ ಉಸಿರೆಳೆದರು. ಸಿನಿಮಾದಲ್ಲಿರುವ ಧ್ವನಿಮುದ್ರಣದಲ್ಲಿ ಆ ಉಸಿರಿಲ್ಲ. ನಿಮ್ಮೆದುರು ಗುನುಗಿದವರಲ್ಲಿ ಅದನ್ನು ಒಂದೇ ದಮ್ಮಿನಲ್ಲಿ ಹಾಡಿದವರು, ಗಾಯಕಿ ಬರುವವರೆಗೆ ಮಾದರಿಗೆಂದು ಟ್ರ್ಯಾಕ್ ಹಾಡಿಡುತ್ತಿದ್ದ ಫಿಲೋಮಿನಾ ಒಬ್ಬರೇ. ದರ್ಜಿ ಅಂಗಡಿ ಇಟ್ಟುಕೊಂಡಿದ್ದ ಅವರು ನಿಮಗೆ ಹೇಳಿದ್ದು ಇಷ್ಟೇ: “ಹೌದಮ್ಮ, ನಾನೇ. ಮೇಡಂಗೆ ಅವತ್ತು ಗಂಟಲು ಕಟ್ಟಿತ್ತು, ಟ್ರ್ಯಾಕೇ ಉಳೀತು. ಈಗ ಅದೆಲ್ಲ ಯಾಕೆ, ಬ್ಲೌಸ್ ಯಾವತ್ತಿಗೆ ಬೇಕು ಹೇಳಿ.”

ಅದನ್ನು ನೀವು ಜೀವನಚರಿತ್ರೆಯ ಹಸ್ತಪ್ರತಿಯಲ್ಲಿ ಒಂದೂವರೆ ಪುಟದಲ್ಲಿ ಬರೆದಿರಿ. ಮಂದಾಕಿನಿಯವರ ಜೀವನವನ್ನೇ ಸಿನಿಮಾ ಮಾಡಲಿದ್ದ ನಿರ್ಮಾಪಕರು, “ಕಥೆ ಬರೀರಿ ಅಂದ್ರೆ ಪಂಚನಾಮೆ ಬರೀತೀರಲ್ಲ ಮೇಡಂ” ಎಂದು ಚಿತ್ರಕಥೆಯನ್ನು ಬೇರೆಯವರಿಗೆ ಕೊಟ್ಟರು. ಈ ಪತ್ರ ನಿಮಗೆ ಸಿಗುವುದು ಅದರ ಮಾರನೆಯ ದಿನ. ಪುಟ ಕಿತ್ತುಹಾಕಿದರೆ ಸಿನಿಮಾ ವಾಪಸು ಬಂದೀತೇ ಎಂದು ನೀವು ಯೋಚಿಸುತ್ತಿರುವ ದಿನ. ಅಚ್ಚಾದ ಪುಟ ನನ್ನ ಮುಂದೆಯೇ ಇದೆ, ನಿಜ. ಆದರೂ ಹೆದರುವುದು ನನ್ನ ಸ್ವಭಾವ. ಮಲಗಿದ ಮಗುವಿನ ಮೂಗಿಗೆ ಗಳಿಗೆಗೊಮ್ಮೆ ಬೆರಳು ಹಿಡಿದು ನೋಡುವವಳು ನಾನು.

ಮೊನ್ನೆ ಆ ಹಾಡು ಫಿಲೋಮಿನಾ ಅವರ ಹೆಸರಿನಲ್ಲಿ ಕಂಠಶಾಲೆ ಸೇರಿತು. ತುಂಬಿದ ಸಭೆಗೆ ನಿಮ್ಮ ಪುಟ ಓದಿದವಳು ನಾನೇ. ಬರೆದವರು ನಮ್ಮಜ್ಜಿ ಎಂದು, ಯಾರೂ ಕೇಳದಿದ್ದರೂ, ಎರಡು ಸಲ ಹೇಳಿದೆ.

ಪುಟ ಕೀಳಬೇಡಿ. ಇನ್ನೊಂದು ಕೋರಿಕೆ: ಅವರ ಅಂಗಡಿ ಯಾವ ಬೀದಿಯಲ್ಲಿತ್ತೆಂದು ನೀವು ಬರೆದಿಲ್ಲ, ಸಾಧ್ಯವಾದರೆ ಸೇರಿಸಿ. ಅವರ ಮನೆತನದವರನ್ನು ಎರಡು ವರ್ಷದಿಂದ ಹುಡುಕುತ್ತಿದ್ದೇವೆ. ಆ ಹಾಡು ತಮ್ಮ ಮನೆಯದೆಂದು ಅವರಿಗಿನ್ನೂ ಗೊತ್ತಿಲ್ಲ.